ಮಿರಜಿನಿಂದ ತಂದ ಛಾಪಾ ಕಾಗದ

ಸಾವಧಾನ ಅನ್ನುವುದು ಹುಟ್ಟಿದಾಗಿನಿಂದಲೂ ನನ್ನ ಮೈಯಲ್ಲಿಲ್ಲ. ಬಸ್ಸು ನಿಲ್ಲುವ ಮೊದಲೇ ಬಾಗಿಲಿಗೆ ಬಂದು ನಿಲ್ಲುವವಳು ನಾನು. ಒಲೆಯ ಮುಂದೆ ಐದು ನಿಮಿಷ ನಿಲ್ಲಲಾರದೆ ಉಕ್ಕಿಸಿದ ಹಾಲಿಗೆ ಲೆಕ್ಕವಿಲ್ಲ. ಅವ್ವ ಇದಕ್ಕೆ ಪೂರಾ ಉಲ್ಟಾ. ಒಂದು ಕುಪ್ಪಸದ ತೋಳು ಕೂಡಿಸುವ ಮೊದಲು ಮೂರು ಸಲ ಅಳೆದು ನೋಡುತ್ತಿದ್ದಳು. "ನಿನ್ನ ಕಾಲಿಗೆ ಭಿಂಗರಿ ಕಟ್ಟೈತಿ ನೋಡು" ಎನ್ನುತ್ತಿದ್ದಳು ನನಗೆ. ಭಿಂಗರಿ ಅಂದರೆ ಗಿರಗಿರ ತಿರುಗುವ ಆಟಿಕೆ, ನಮ್ಮ ಗಡಿಯ ಕಡೆ ಮರಾಠಿಯಿಂದ ಬಂದು ಉಳಿದ ಮಾತು. ಈ ಭಿಂಗರಿಯಿಂದ ಅವ್ವ ಒಂದು ಮನೆ ಕಳೆದುಕೊಂಡಳು. ಅದನ್ನು ನಾನು ಇಷ್ಟು ವರ್ಷ ಯಾರ ಮುಂದೆಯೂ ನೆಟ್ಟಗೆ ಹೇಳಿಲ್ಲ.

ಅಪ್ಪ ನಿಪ್ಪಾಣಿಯ ತಂಬಾಕಿನ ವಖಾರಿಯಲ್ಲಿ ತೂಕದ ಗುಮಾಸ್ತನಾಗಿದ್ದ. ನಾನು ಹೈಸ್ಕೂಲಿನಲ್ಲಿದ್ದಾಗ ತೀರಿಕೊಂಡ. ಅಲ್ಲಿಂದ ಮುಂದೆ ಅವ್ವನ ಹೊಲಿಗೆ ಮಷಿನ್ನೇ ನಮ್ಮಿಬ್ಬರ ಹೊಟ್ಟೆ ಹೊರೆದದ್ದು. ನಿಪ್ಪಾಣಿಯಲ್ಲಿ ಎರಡು ಬಾಡಿಗೆ ಮನೆ, ಚಿಕ್ಕೋಡಿಯಲ್ಲಿ ಎರಡು, ರಾಯಬಾಗದಲ್ಲಿ ಎರಡು. ಎಂಬತ್ತರ ದಶಕದ ನಡುವೆ ನನಗೆ ಕಾಗವಾಡದ ಕನ್ನಡ ಶಾಲೆಯಲ್ಲಿ ನೌಕರಿ ಸಿಕ್ಕ ಮೇಲೆ ಅಲ್ಲಿ ಏಳನೆಯದು. ಎಲ್ಲ ಮಾಲೀಕರಿಗೂ ಒಂದೇ ತಕರಾರು: ಮಷಿನ್ನಿನ ಸದ್ದು. ಮಧ್ಯಾಹ್ನ ಉಂಡು ಅಡ್ಡಾದವರ ನಿದ್ದೆ ಕೆಡುತ್ತದಂತೆ. ಹಾಗಾಗಿ ಅವ್ವ ದಿನಾ ಮಧ್ಯಾಹ್ನ ಮಾಲೀಕರ ಬಾಗಿಲಿಗೆ ಹೋಗಿ, ಸೆರಗು ಸರಿಮಾಡಿಕೊಂಡು, "ಮಷಿನ್ ಹಚ್ಚಲೇನ್ರಿ?" ಎಂದು ಕೇಳುತ್ತಿದ್ದಳು. ಕೆಲವರು ಹೂಂ ಎನ್ನುತ್ತಿದ್ದರು. ಕೆಲವರು "ಇನ್ನೊಂದ ತಾಸ ತಡೀರಿ" ಎನ್ನುತ್ತಿದ್ದರು. ಅವಳು ಹಾಗೆ ಕೇಳುವುದು ಕಿವಿಗೆ ಬಿದ್ದರೆ ನನಗೆ ಮೈ ಉರಿಯುತ್ತಿತ್ತು. ಅವ್ವನಿಗೆ ಬಂಗಲೆ ಬೇಕಾಗಿರಲಿಲ್ಲ. ಯಾರನ್ನೂ ಕೇಳದೆ ಕೂತು ಮಷಿನ್ ತುಳಿಯಲು ಒಂದು ಪಡಸಾಲೆ ಬೇಕಾಗಿತ್ತು.

ಕಾಗವಾಡದ ನಮ್ಮ ಓಣಿಯಲ್ಲೇ ಬಳೆ ಮಾರುವ ಒಬ್ಬ ಮುದುಕಿ ಇದ್ದಳು. ಓಣಿಗೆಲ್ಲ ಅವಳು ಖಾಲಾ. ಗಂಡ ಇರಲಿಲ್ಲ, ಒಬ್ಬಳೇ ಮಗಳು ಸೊಲ್ಲಾಪುರದಲ್ಲಿದ್ದಳು. ಎರಡು ಖೋಲಿ, ಮುಂದೆ ಪಡಸಾಲೆ, ಹಿತ್ತಲಲ್ಲಿ ನುಗ್ಗೆಗಿಡ, ಇಷ್ಟೇ ಅವಳ ಮನೆ. ಪಡಸಾಲೆಗೆ ಪೂರ್ವದ ಕಡೆ ದೊಡ್ಡ ಕಿಟಕಿ. ಅವ್ವ ಅಲ್ಲಿಗೆ ಹೋದಾಗಲೆಲ್ಲ ಆ ಕಿಟಕಿಯ ಕೆಳಗೇ ಕೂರುತ್ತಿದ್ದಳು. "ಇಲ್ಲಿ ಸೂಜಿಗಿ ದಾರಾ ಪೋಣಸಾಕ ಚಾಳೀಸ ಬೇಕಾಗಂಗಿಲ್ಲ" ಎನ್ನುತ್ತಿದ್ದಳು. ಮಗಳ ಬಾಣಂತನಕ್ಕೆಂದು ಹೊರಟ ಖಾಲಾ, ಇನ್ನು ಅಲ್ಲೇ ಇದ್ದುಬಿಡುವುದೆಂದು ನಿಶ್ಚಯಿಸಿ, ಮನೆ ಮಾರುವ ಮಾತು ತೆಗೆದಳು. ಉಗಾರದಲ್ಲಿದ್ದ ಅವಳ ತಂಗಿಯ ಮಗ ಸಿಮೆಂಟಿನ ವ್ಯಾಪಾರಿ. ಅವನು ನಮಗಿಂತ ಹೆಚ್ಚಿಗೆ ಕೊಡಲು ತಯಾರಿದ್ದ. ಆದರೆ ಖಾಲಾ ಸಂಚಕಾರದ, ಅಂದರೆ ಮುಂಗಡದ ದುಡ್ಡು ತೆಗೆದುಕೊಂಡದ್ದು ಅವ್ವನ ಕೈಯಿಂದ.

"ಅಂವ ನನ್ನ ಮನ್ಯಾಗ ಸಿಮೆಂಟ್ ಚೀಲಾ ತುಂಬ್ತಾನ. ನೀ ಇದ್ರ ಸಂಜೀಕ ದೀಪಾ ಹತ್ತತೈತಿ, ಬಾಯಿ" ಎಂದಳು ಅವ್ವನಿಗೆ. ಆಮೇಲೆ ನನ್ನ ಕಡೆ ತಿರುಗಿ ಬೆರಳು ತೋರಿಸಿದಳು. "ಒಂದ ತಿಂಗಳದಾಗ ಕಾಗದ ಪಕ್ಕಾ ಆಗ್ಬೇಕ ನೋಡ ಬೇಟಿ. ಆಮ್ಯಾಲ ನನ್ನ ಕೈಯಾಗ ಏನೂ ಇಲ್ಲ. ನಾ ಹೊಂಟ್ರ ಅಂವನ ಎಲ್ಲಾ ನೋಡಾಂವ."

ಒಂದು ತಿಂಗಳೆಂದರೆ ನನಗೆ ಬೇಕಾದಷ್ಟಾಯಿತು ಅನಿಸಿತು. ಮನೆ ಕೊಳ್ಳುವುದೆಂದರೆ ದುಡ್ಡು ಕೊಟ್ಟು ಬೀಗದ ಕೈ ಇಸಿದುಕೊಳ್ಳುವುದು ಎಂದಷ್ಟೇ ತಿಳಿದಿದ್ದ ಕಾಲ ಅದು. ಅಥಣಿಯ ನೋಂದಣಿ ಕಚೇರಿಗೆ ಹೋಗಿ ವಿಚಾರಿಸಿದಾಗ ಗೊತ್ತಾಯಿತು. ಪತ್ರದಲ್ಲಿ ಎಷ್ಟು ಬೆಲೆ ಬರೆಯುತ್ತೀವೋ ಅದರ ಮೇಲೆ ಸರ್ಕಾರಕ್ಕೆ ಸುಂಕ. ಆ ಸುಂಕವನ್ನು ನಗದು ಕೊಟ್ಟರೆ ಆಗದು, ಅಷ್ಟು ಬೆಲೆಯ ಛಾಪಾ ಕಾಗದ ಕೊಂಡು, ಅದರ ಮೇಲೆಯೇ ಖರೀದಿ ಪತ್ರ ಬರೆಯಬೇಕು. ಅದರ ಖರ್ಚು ಕೊಳ್ಳುವವರದು. ಊರೆಲ್ಲ ಬೆಲೆಯನ್ನು ಅರ್ಧಕ್ಕೆ ಇಳಿಸಿ ಬರೆಯುತ್ತದೆ, ನೀವೂ ಬರೆಯಿರಿ ಎಂದು ಬುದ್ಧಿ ಹೇಳಿದವರು ಕಡಿಮೆಯಿರಲಿಲ್ಲ. ತೀರಾ ಇಳಿಸಿದರೆ ಸಾಹೇಬರು ಸಂಶಯಪಟ್ಟು ಪತ್ರವನ್ನು ಮೇಲಿನವರಿಗೆ ಕಳಿಸುತ್ತಾರೆಂದು ಹೆದರಿಸಿದವರೂ ಇದ್ದರು.

ನಮಗೆ ಇಳಿಸುವ ಸವಲತ್ತೇ ಇರಲಿಲ್ಲ. ಉಳಿದ ದುಡ್ಡಿಗೆ ಊರಿನ ಸೊಸೈಟಿಯಲ್ಲಿ ಅವ್ವ ಸಾಲ ಕೇಳಿದ್ದಳು. "ಪತ್ರದಾಗ ಎಷ್ಟ ಬರದಿರ್ತೈತಿ, ಅದರ ಮ್ಯಾಲ ಸಾಲ" ಎಂದಿದ್ದರು ಅಲ್ಲಿನ ಸೆಕ್ರೆಟರಿ. ಸುಂಕ ಉಳಿಸಲು ಬೆಲೆ ಇಳಿಸಿದರೆ ಸಾಲವೂ ಇಳಿಯುತ್ತಿತ್ತು. ಇಷ್ಟು ಸಾಲದೆಂದು ಸಾಲದ ಕಾಗದಕ್ಕೂ ಬೇರೆ ಛಾಪಾ ಬೇಕಂತೆ. ಮೂಲ ಪತ್ರವನ್ನು ಸೊಸೈಟಿಯ ಕಪಾಟಿನಲ್ಲಿ ಒತ್ತೆಯಿಟ್ಟರೆ ಸುಂಕ ಸ್ವಲ್ಪ, ಅಡವು ಪತ್ರವನ್ನೇ ಬರೆದು ರಜಿಸ್ಟರ್ ಮಾಡಿಸಿದರೆ ಜಾಸ್ತಿ. "ಕೊಂಡರೂ ಛಾಪಾ, ಸಾಲ ತೆಗೆದರೂ ಛಾಪಾ. ಇನ್ನು ಉಸಿರಾಡಿದ್ದಕ್ಕೂ ಯಾವಾಗ ಹಾಕುತ್ತಾರೋ" ಎಂದು ನಾನು ಮನೆಯಲ್ಲಿ ಹಾರಾಡಿದೆ. ಅವ್ವ ಮಷಿನ್ನಿನ ಚಕ್ರಕ್ಕೆ ಎಣ್ಣೆ ಬಿಡುತ್ತಾ ಕೂತಿದ್ದಳು. ಅವಳು ವರ್ಷಗಟ್ಟಲೆ ಕೂಡಿಸಿದ ದುಡ್ಡಿನಲ್ಲಿ ಸಂಚಕಾರ ಹೋಗಿ ಉಳಿದದ್ದು ಛಾಪಾ ಕಾಗದಕ್ಕೆ ಸರಿಯಾಗಿ ಸಾಲುತ್ತಿತ್ತು. ಖಾಲಾಗೆ ಉಳಿದ ಬೆಲೆಯನ್ನು ಸೊಸೈಟಿಯ ಚೆಕ್ ಬಂದ ದಿನ ಕೊಡುವುದೆಂದು ಮಾತಾಗಿತ್ತು.

ಅಥಣಿಯ ಖಜಾನೆಯಲ್ಲಿ ದೊಡ್ಡ ಬೆಲೆಯ ಕಾಗದ ಇರಲಿಲ್ಲ. "ಮುಂದಿನ ವಾರ ಬರ್ರಿ" ಎಂದರು. ಮುಂದಿನ ವಾರ ಹೋದೆ. "ಬೆಳಗಾವಿಯಿಂದ ಬಂದಿಲ್ರಿ ಇನ್ನೂ" ಎಂದರು. ಮೂರನೆಯ ಸಲ ಹೋದಾಗ ಖಿಡಕಿಯ ಹಿಂದೆ ಯಾರೂ ಇರಲಿಲ್ಲ, ಒಂದು ಖಾಲಿ ಕುರ್ಚಿಯ ಮೇಲೆ ಟವೆಲ್ ಇತ್ತು. ಶಾಲೆಗೆ ರಜೆ ಹಾಕಿ, ಆ ಕೆಟ್ಟ ರಸ್ತೆಯಲ್ಲಿ ನಿಂತೇ ಬಂದಿದ್ದೆ. ಆ ಟವೆಲ್ಲನ್ನು ಎಳೆದು ಹರಿದುಹಾಕಬೇಕೆನಿಸಿತು. ಇಪ್ಪತ್ತೆರಡು ದಿನ ಮುಗಿದಿದ್ದವು. ಮನೆಯಲ್ಲಿ ಕೂತಲ್ಲಿ ಕೂರಲಾಗದು, ಉಣ್ಣುವಾಗ ತಟ್ಟೆ ಹಿಡಿದುಕೊಂಡೇ ಬಾಗಿಲಿಗೆ ಹೋಗಿ ಉಗಾರದ ಕಡೆಯಿಂದ ಆ ಸಿಮೆಂಟಿನವನ ಮೋಟಾರ್ ಸೈಕಲ್ ಬಂತೇನೋ ಎಂದು ನೋಡುವುದು. ನಾನು ಆಗ ಚಿಕ್ಕೋಡಿಯ ಖಜಾನೆಗೆ ಹೋಗಬಹುದಿತ್ತು. ಮೂರು ಬಸ್ಸು ಬದಲಿಸಬೇಕು, ಇಡೀ ದಿನದ ಕೆಲಸ ಎಂದು ಹೋಗಲಿಲ್ಲ.

ಅದೇ ಸಂಜೆ ಖಾಲಾ ತನ್ನ ಪೆಟ್ಟಿಗೆಯಿಂದ ಮನೆಯ ಹಳೆಯ ಪತ್ರ ತೆಗೆದು ಕೊಟ್ಟಳು. ಅವಳ ಮಾವ ಈ ಮನೆ ಕೊಂಡಾಗಿನದು. ನಮ್ಮ ಸೀಮೆ ಇನ್ನೂ ಮುಂಬೈ ಸರ್ಕಾರದ ಕೆಳಗಿದ್ದ ಕಾಲ. ಕಾಗದ ಕಂದುಬಣ್ಣಕ್ಕೆ ತಿರುಗಿತ್ತು, ಮೇಲೆ ಮುಂಬೈ ಸರ್ಕಾರದ ಛಾಪಾ, ಒಳಗೆಲ್ಲ ಮರಾಠಿ. ಅದನ್ನು ನೋಡಿದ್ದೇ ನನ್ನ ತಲೆಯಲ್ಲಿ ಬೆಳಕು ಹತ್ತಿತು. ಈ ಮನೆಯ ತಾಯಿ ಪತ್ರವೇ ಆ ಕಡೆಯ ಛಾಪಾದ ಮೇಲಿರುವಾಗ ಅಥಣಿಯವರ ಕಾಲು ಹಿಡಿಯುವುದೇಕೆ? ಮಿರಜ ಅರ್ಧ ತಾಸಿನ ದಾರಿ. ಸಂತೆಗೆ, ದವಾಖಾನೆಗೆ, ಸೀರೆಗೆ, ಕನ್ನಡಕಕ್ಕೆ, ಎಲ್ಲದಕ್ಕೂ ನಾವು ಹೋಗುತ್ತಿದ್ದದ್ದು ಮಿರಜಿಗೇ. ಗಡಿ ಅನ್ನುವುದು ನಮಗೆ ಬಸ್ಸಿನ ಬಣ್ಣ ಬದಲಾಗುವ ಜಾಗವಾಗಿತ್ತು, ಅಷ್ಟೇ. ಛಾಪಾ ಕಾಗದಕ್ಕೂ ಅಲ್ಲಿಗೇ ಹೋದರಾಯಿತು ಎಂದುಕೊಂಡೆ.

ಮರುದಿನ ಹೋದೆ. ಸಾಲಿನಲ್ಲಿ ನನ್ನ ಹಿಂದೆ ಹತ್ತು ಜನ ಇದ್ದರು. "ಕಶಾಸಾಠಿ?" ಎಂದ ಖಿಡಕಿಯವನು, ಯಾತಕ್ಕೆಂದು. "ಖರೇದಿಖತ" ಎಂದೆ, ಖರೀದಿ ಪತ್ರಕ್ಕೆಂದು. ಅವ್ವನ ಹೆಸರು ಹೇಳಿದೆ, ಬರೆದುಕೊಂಡ. ಮನೆ ಎಲ್ಲಿದೆ ಎಂದು ಅವನು ಕೇಳಲಿಲ್ಲ. ನಾನೂ ಹೇಳಲಿಲ್ಲ. ಅರ್ಧ ತಾಸಿನಲ್ಲಿ ಕಾಗದದ ಕಟ್ಟು ನನ್ನ ಚೀಲದಲ್ಲಿತ್ತು. ಗೆದ್ದು ಬಂದವಳ ಗತ್ತಿನಲ್ಲಿ ಮನೆಗೆ ಬಂದೆ.

ಅವ್ವ ಕಲಿತದ್ದು ಮರಾಠಿ ಶಾಲೆಯಲ್ಲಿ, ನಾಲ್ಕನೆಯ ಇಯತ್ತೆಯವರೆಗೆ. ಕನ್ನಡ ಮಾತಾಡುತ್ತಿದ್ದಳು, ಓದಲು ಬರುತ್ತಿರಲಿಲ್ಲ. ಕಾಗದದ ಮೇಲಿನ 'ಮಹಾರಾಷ್ಟ್ರ' ಎಂಬ ಅಚ್ಚಿನ ಅಕ್ಷರಗಳ ಮೇಲೆ ಬೆರಳಾಡಿಸಿ, "ಇದು ನನಗೂ ಓದಾಕ ಬರ್ತೈತಿ ನೋಡು" ಎಂದು ನಕ್ಕಳು. ಆಮೇಲೆ, "ಅಥಣ್ಯಾಗ ಪತ್ರಾ ಬರಿಯಾವ್ರಿಗೆ ಒಮ್ಮಿ ತೋರಿಸಿ ಬರಿ. ಮೊದಲ ಅಳೀಬೇಕು, ಆಮ್ಯಾಲ ಕತ್ರಿ ಹಾಕಬೇಕು" ಎಂದಳು.

"ನನಗೂ ಅಕ್ಷರಾ ಬರ್ತಾವಬೇ. ಅವ್ರಿಗ್ಯಾಕ ಫೀಜ್ ಕೊಡೋದು?" ಎಂದು ರೇಗಿದೆ.

ನನ್ನ ಕೈಬರಹ ಚೆಂದವೆಂದು ಶಾಲೆಯಲ್ಲಿ ಹೆಸರಿತ್ತು. ಸಹೋದ್ಯೋಗಿಯೊಬ್ಬರ ಮನೆಯ ಪತ್ರವನ್ನು ಮಾದರಿಗೆ ತಂದಿಟ್ಟುಕೊಂಡು, ಖಾಲಾಳ ಪಡಸಾಲೆಯಲ್ಲಿ ಕಿಟಕಿಯ ಕೆಳಗೆ ಕೂತು ಕನ್ನಡದಲ್ಲಿ ಬರೆದೆ. ಖರೀದಿ ಮಾಡಿಕೊಳ್ಳುವವರು ಎಂದು ಅವ್ವನ ಹೆಸರು. ಚಕಬಂದಿಗೆ ಬಂದಾಗ, ಅಂದರೆ ನಾಲ್ಕೂ ದಿಕ್ಕಿಗೆ ಏನೇನಿದೆ ಎಂದು ಬರೆಯುವಲ್ಲಿ, ಅವ್ವ ತಾನೇ ಹೇಳುತ್ತೇನೆಂದು ಎದ್ದು ನಿಂತಳು. ಪೂರ್ವಕ್ಕೆ ಸಾರ್ವಜನಿಕ ರಸ್ತೆ, ಪಶ್ಚಿಮಕ್ಕೆ ಹಿತ್ತಲು, ಅದರಾಚೆ ಪಂಚಾಯತಿಯ ಗಟಾರ. ದಕ್ಷಿಣಕ್ಕೆ ಬಡಿಗೇರರ ಗೋಡೆ, ಉತ್ತರಕ್ಕೆ ಬೋಳು, ಅಂದರೆ ಸಣ್ಣ ಸಂದಿ. ಒಂದೊಂದು ದಿಕ್ಕಿಗೂ ಹೋಗಿ ನಿಂತು, ಗೋಡೆಗೆ ಕೈ ಹಚ್ಚಿ ಹೇಳಿದಳು. ಖಾಲಾ ಹೆಬ್ಬೆಟ್ಟು ಒತ್ತಿದಳು, ಓಣಿಯ ಇಬ್ಬರು ಸಾಕ್ಷಿ ಹಾಕಿದರು. ಎಲ್ಲ ಮುಗಿದ ಮೇಲೆ ಖಾಲಾ ತನ್ನ ಬಳೆಯ ಗಂಟು ಬಿಚ್ಚಿ, ನನ್ನ ಕೈಹಿಡಿದೆಳೆದು ಹಸಿರು ಬಳೆ ತೊಡಿಸಿದಳು. ದುಡ್ಡು ಬೇಡವೆಂದಳು. ಆ ದಿನ ಅವ್ವ ಮನೆಗೆ ಬಂದು ಹಾಡು ಗುನುಗಿದ್ದನ್ನು ನಾನು ಕೇಳಿದ್ದೇನೆ.

ಮೂರು ದಿನ ಬಿಟ್ಟು ನಾವು ಮೂವರೂ ಅಥಣಿಗೆ ಹೋದೆವು. ನೋಂದಣಿ ಕಚೇರಿಯ ಅಂಗಳದಲ್ಲಿ ಬೇವಿನ ಗಿಡದ ಕೆಳಗೆ ಒಬ್ಬ ವಯಸ್ಸಾದ ಪತ್ರ ಬರಹಗಾರರು ಕೂತಿದ್ದರು. ಯಾವ ಖೋಲಿಗೆ ಹೋಗಬೇಕೆಂದು ಅವರನ್ನು ಕೇಳಿದೆ. ಅವರು ನನ್ನ ಕೈಯಲ್ಲಿದ್ದ ಕಾಗದ ನೋಡಿ ಕನ್ನಡಕ ಹಣೆಗೇರಿಸಿದರು.

"ಇದನ್ನ ಒಳಗ ಒಯ್ಯಬ್ಯಾಡ್ರಿ ಅಕ್ಕಾರ."

"ಯಾಕ್ರಿ?"

"ಮನಿ ಎಲ್ಲೈತಿ?"

"ಕಾಗವಾಡದಾಗ."

"ಹಂಗಾರ ಕರ್ನಾಟಕದ ಛಾಪಾ ಬೇಕು. ಆಸ್ತಿ ಯಾವ ರಾಜ್ಯದಾಗ ಐತೋ, ಸುಂಕ ಆ ರಾಜ್ಯಕ್ಕ ಮುಟ್ಟಬೇಕು. ನೀವು ಆ ಕಡೆ ಸರ್ಕಾರಕ್ಕ ರೊಕ್ಕಾ ತುಂಬಿ, ಈ ಕಡೆ ಮನಿ ಕೇಳಾಕತ್ತೀರಿ."

ನಾನು ಖಾಲಾಳ ಹಳೆಯ ಪತ್ರವನ್ನು ಎಳೆದು ಅವರ ಮುಂದೆ ಹಿಡಿದೆ. ಇದು ನಡೆದದ್ದು ಹೇಗೆ ಎಂದು ಜೋರು ದನಿಯಲ್ಲೇ ಕೇಳಿದೆ. ಅವರು ಸಿಟ್ಟಾಗಲಿಲ್ಲ. "ಅವಾಗ ನಮ್ಮ ಅಥಣಿನೂ ಮುಂಬೈ ಸರ್ಕಾರದಾಗ ಇತ್ತರಿ" ಎಂದರು. ಆಮೇಲೆ ದನಿ ತಗ್ಗಿಸಿ, "ಸಹಿ ಬ್ಯಾರೆ ಹಾಕ್ಸೀರಿ. ಸಾಹೇಬ್ರ ಟೇಬಲ್ಲಿಗಿ ಹೋತಂದ್ರ ಸುಂಕಾ ಕೊಡದ ಪತ್ರಾ ಅಂತ ಹಿಡದ ಇಟ್ಕೋತಾರ. ಹತ್ತ ಪಟ್ಟಿನ ಮಟಾ ದಂಡಾ ಹಾಕಾಕ ಕಾಯ್ದೆ ಐತಿ. ಸುಮ್ನ ಮನೀಗ ಹೋಗ್ರಿ, ಹೊಸಾ ಕಾಗದ ತಗೊಂಡ ಹೊಸದಾಗಿ ಬರಸ್ರಿ" ಎಂದರು. ಮಿರಜಿನಲ್ಲಿ ಕಟ್ಟಿದ ದುಡ್ಡು ಮುಳುಗಲಿಲ್ಲ, ಆರು ತಿಂಗಳೊಳಗೆ ಸಾಂಗಲಿಯ ಕಲೆಕ್ಟರ್ ಕಚೇರಿಗೆ ಕಾಗದ ಒಪ್ಪಿಸಿ ಅರ್ಜಿ ಕೊಟ್ಟರೆ ರೂಪಾಯಿಗೆ ಹತ್ತು ಪೈಸೆ ಮುರಿದುಕೊಂಡು ವಾಪಸು ಕೊಡುತ್ತಾರೆ, ಆದರೆ ಕೈಗೆ ಬರಲು ತಿಂಗಳುಗಳೇ ಹಿಡಿಯುತ್ತವೆ ಎಂದೂ ಹೇಳಿದರು. ಅವರು ಹೇಳಿದ್ದಕ್ಕೆ ದುಡ್ಡು ಕೇಳಲಿಲ್ಲ. ಕೇಳಿದ್ದರೆ ಜಗಳವಾಡಿ ಹಗುರಾಗುತ್ತಿದ್ದೆನೇನೋ.

ಖಾಲಾಗೆ ಅರ್ಥವಾಗಲು ಎರಡು ಸಲ ಹೇಳಬೇಕಾಯಿತು. ಅವ್ವನಿಗೆ ಒಂದೇ ಸಲಕ್ಕೆ ಅರ್ಥವಾಯಿತು. ಅವಳು ನನ್ನನ್ನು ಬಯ್ಯಲಿಲ್ಲ. ಬಸ್ಸಿನಲ್ಲಿ ಕಾಗದದ ಕಟ್ಟನ್ನು ತೊಡೆಯ ಮೇಲಿಟ್ಟುಕೊಂಡು, ಅದರ ಮೂಲೆ ಮಡಚದಂತೆ ಕೈಯಿಟ್ಟುಕೊಂಡು ಕೂತಿದ್ದಳು. ಬೈದಿದ್ದರೆ ಚೆನ್ನಾಗಿತ್ತು.

ಆಮೇಲಿನ ದಿನಗಳಲ್ಲಿ ನಾನು ಓಡಿದ ಓಟ ನೆನೆದರೆ ಈಗಲೂ ಕಾಲು ನೋಯುತ್ತದೆ. ಚಿಕ್ಕೋಡಿಗೆ ಹೋದೆ. ಅಲ್ಲಿನ ಖಜಾನೆಯಲ್ಲಿ ಕಾಗದ ಇತ್ತು, ಬೇಕಾದ ಬೆಲೆಯದೆಲ್ಲ ಇತ್ತು. ನನ್ನ ಹತ್ತಿರ ದುಡ್ಡಿರಲಿಲ್ಲ. ಸೊಸೈಟಿಗೆ ಬಂದು ಸಾಲದಲ್ಲಿ ಸ್ವಲ್ಪ ಮುಂಚಿತವಾಗಿ ಕೊಡಿ ಎಂದೆ. "ಪತ್ರ ಇಲ್ದ ಸಾಲಾ ಹೆಂಗ ಕೊಡೂದ್ರಿ?" ಎಂದರು ಸೆಕ್ರೆಟರಿ. ಪತ್ರವಾದರೆ ಸಾಲ, ಸಾಲ ಬಂದರೆ ಛಾಪಾ, ಛಾಪಾ ಇದ್ದರೆ ಪತ್ರ. ನಿಪ್ಪಾಣಿಗೆ ಹೋಗಿ ಅಪ್ಪನ ಹಳೆಯ ಗೆಳೆಯರ ಬಾಗಿಲು ತಟ್ಟಿದೆ. ಚಹಾ ಸಿಕ್ಕಿತು. ಕೊನೆಗೆ ಅವ್ವ, "ಮಷಿನ್ ಮಾರಿದ್ರ?" ಎಂದಳು. "ಮಷಿನ್ ಇಲ್ದಿದ್ರ ಮನಿ ಯಾಕ ಬೇಕಬೇ?" ಎಂದು ನಾನು ಕೂಗಿದೆ. ಅವಳು ಮತ್ತೆ ಆ ಮಾತೆತ್ತಲಿಲ್ಲ.

ಖಾಲಾ ಹೇಳಿದ್ದಕ್ಕಿಂತ ಹತ್ತು ದಿನ ಹೆಚ್ಚಿಗೆ ಕಾದಳು. ಸೊಲ್ಲಾಪುರದಿಂದ ಮಗಳಿಗೆ ಹೆರಿಗೆಯಾಯಿತೆಂಬ ತಾರು ಬಂತು. ಹೊರಡುವ ಮುಂಜಾನೆ ನಮ್ಮ ಬಾಗಿಲಿಗೆ ಬಂದು, ಬಳೆಯ ಡಬ್ಬಿಯಲ್ಲಿ ಸಂಚಕಾರದ ದುಡ್ಡನ್ನು ಪೂರ್ತಿ ತಂದು ಅವ್ವನ ಕೈಗಿತ್ತಳು. ಕಾಗದ ಹೊತ್ತಿಗೆ ಮಾಡಿಸದವರ ಸಂಚಕಾರ ಮುಳುಗಿತೆಂದೇ ನಮ್ಮ ಕಡೆಯ ರೂಢಿ. "ನಾ ಮಾತ ಮುರೀಲಿಲ್ಲ ಬಾಯಿ. ನಲವತ್ತ ದಿನಾ ಕಾದೆ" ಎಂದಳು. ಅವಳ ಕಣ್ಣಲ್ಲಿ ನೀರಿತ್ತು. ನನ್ನ ಕಡೆ ನೋಡಲೇ ಇಲ್ಲ. ವಾರದೊಳಗೆ ಆ ಪಡಸಾಲೆಯ ಕಿಟಕಿಯೆತ್ತರಕ್ಕೆ ಸಿಮೆಂಟಿನ ಚೀಲಗಳು ಬಂದವು.

ಸಾಂಗಲಿಗೆ ಅರ್ಜಿ ಕೊಡಲು ಅವ್ವನೂ ಬಂದಳು, ಕಾಗದ ಕೊಂಡದ್ದು ಅವಳ ಹೆಸರಿನಲ್ಲಿ. ಕಾಗದವನ್ನೆಲ್ಲ ಒಪ್ಪಿಸಬೇಕು, ಒಂದು ಹಾಳೆಯೂ ವಾಪಸು ಬರುವುದಿಲ್ಲ ಎಂದ ಕಾರಕೂನ. ಅವ್ವ ನನ್ನನ್ನು ಪಕ್ಕದ ಬಾಕಿನ ಮೇಲೆ ಕೂರಿಸಿದಳು. "ನನ್ನ ಹೆಸರ ಬರದಿದ್ದು ಮತ್ತ ಚಕಬಂದಿ, ಎರಡೂ ಬರಕೊಂಡ ಕೊಡು. ಮರಾಠಿಯೊಳಗ ಬರಿ. ನನಗ ಓದಾಕ ಬರ್ಬೇಕು."

ನನ್ನ ಚೀಲದಲ್ಲಿ ಮಕ್ಕಳ ನೋಟುಬುಕ್ಕೊಂದಿತ್ತು. ಅದರ ಹಾಳೆ ಹರಿದು ಬರೆಯತೊಡಗಿದೆ. ಮರಾಠಿ ಅಕ್ಷರಕ್ಕೆ ನನ್ನ ಕೈ ಪಳಗಿರಲಿಲ್ಲ, ಒಂದೊಂದನ್ನೂ ನಿಧಾನವಾಗಿ ತಿದ್ದಬೇಕಾಯಿತು. ಕೈ ಆಡಿದಾಗಲೆಲ್ಲ ಖಾಲಾ ತೊಡಿಸಿದ ಬಳೆಗಳು ಬಾಕಿಗೆ ಬಡಿದು ಸದ್ದಾಗುತ್ತಿದ್ದವು. ಕಾರಕೂನ ಎರಡು ಸಲ ತಲೆಯೆತ್ತಿ ನೋಡಿದ. ನನ್ನ ಜನ್ಮದಲ್ಲಿ ಅಷ್ಟು ಸಾವಕಾಶವಾಗಿ ನಾನು ಮಾಡಿದ ಕೆಲಸ ಅದೊಂದೇ. ಅವ್ವ ಹಾಳೆ ಇಸಿದುಕೊಂಡು ತುಟಿ ಅಲುಗಿಸುತ್ತಾ ಓದಿದಳು. "ಹಿತ್ತಲದಾಗಿನ ನುಗ್ಗಿಗಿಡಾ ಬಿಟ್ಟೀಯಲ್ಲ" ಎಂದಳು. ಮೂಲದಲ್ಲೂ ನಾನು ಅದನ್ನು ಬರೆದಿರಲಿಲ್ಲ. ಈಗ ಬರೆದೆ.

ತೊಂಬತ್ತರ ದಶಕದ ನಡುವೆ ನನಗೆ ರಾಯಬಾಗಕ್ಕೆ ವರ್ಗವಾಯಿತು. ಶಿಕ್ಷಕರ ಸೊಸೈಟಿಯಿಂದ ಪಗಾರದ ಮೇಲೆ ಸಾಲ ತೆಗೆದು ಅಲ್ಲೊಂದು ಮನೆ ಕೊಂಡೆ. ಈ ಸಲ ಪತ್ರ ಬರಹಗಾರರ ಬಳಿಯೇ ಬರೆಸಿದೆ. ಛಾಪಾದ ಒಂದೊಂದು ಹಾಳೆಯನ್ನೂ ಅವ್ವ ಬೆಳಕಿಗೆ ಹಿಡಿದು ನೋಡಿದಳು. "ಪತ್ರಾ ಯಾರ ಹೆಸರಲೇರಿ?" ಎಂದು ಅವರು ಕೇಳಿದಾಗ ನಾನು ಅವ್ವನ ಹೆಸರು ಹೇಳಿದೆ. ಆಗದೆಂದರು. ಸಾಲ ಯಾರ ಪಗಾರದ ಮೇಲೋ ಮನೆ ಅವರ ಹೆಸರಿನಲ್ಲೇ ಇರಬೇಕು, ಇಲ್ಲದಿದ್ದರೆ ಸೊಸೈಟಿ ಪತ್ರವನ್ನು ಒತ್ತೆಯಿಟ್ಟುಕೊಳ್ಳುವುದಿಲ್ಲ. ಸಾಲ ತೀರಿದ ಮೇಲೆ ತಾಯಿಗೆ ದಾನಪತ್ರ ಮಾಡಿಕೊಡಬಹುದು, ಅದಕ್ಕೆ ಮತ್ತೆ ಬೇರೆ ಸುಂಕ. "ಮತ್ತ ಛಾಪಾಕ್ಕ ರೊಕ್ಕಾ? ಬ್ಯಾಡ" ಎಂದುಬಿಟ್ಟಳು ಅವ್ವ. ಆ ನೋಟುಬುಕ್ಕಿನ ಹಾಳೆ ಆಗಲೂ ಅವಳ ಮಷಿನ್ನಿನ ಖಾನೆಯಲ್ಲಿ, ಬಾಬಿನ್ನುಗಳ ಕೆಳಗೆ ಇತ್ತು.

ಹೊಸ ಮನೆಗೆ ಹೋದ ಮೊದಲ ರವಿವಾರ. ಪೂರ್ವದ ಕಿಟಕಿಯ ಕೆಳಗೆ ಮಷಿನ್ ಇಟ್ಟಿದ್ದೆವು, ನಾನೇ ಅಳೆದು ಇಟ್ಟಿದ್ದೆ. ಮಧ್ಯಾಹ್ನ ಉಂಡು, ಪರೀಕ್ಷೆಯ ಪೇಪರುಗಳ ಕಟ್ಟನ್ನು ಪಕ್ಕಕ್ಕಿಟ್ಟುಕೊಂಡು ಒಳಗಿನ ಖೋಲಿಯಲ್ಲಿ ಅಡ್ಡಾಗಿದ್ದೆ. ಅವ್ವ ಬಾಗಿಲಿಗೆ ಬಂದು ನಿಂತಳು. ಸೆರಗು ಸರಿಮಾಡಿಕೊಂಡಳು.

"ಮಷಿನ್ ಹಚ್ಚಲೇನ?" ಎಂದಳು.

ನಾನು ಎದ್ದು ಕೂತೆ. ನಾನು ಹೂಂ ಎನ್ನಲೆಂದು ಅವ್ವ ಅಲ್ಲೇ ಕಾಯುತ್ತಾ ನಿಂತಿದ್ದಳು.